ಝಿವ್ಯಾನಿ ಅಂದರೆ ಏನರ್ಥ?

ನಲವತ್ತೊಂದು ವರ್ಷ ನಾನು ಹಿತ್ತಾಳೆಯ ಫಲಕಗಳ ಮೇಲೆ ಊರಿನವರ ಹೆಸರು ಕೆತ್ತಿದ್ದೇನೆ. ಡಾಕ್ಟರು, ವಕೀಲರು, ಬಡ್ತಿ ಸಿಕ್ಕಿದ ಮರುದಿನವೇ ಓಡಿಬರುವ ಆಫೀಸರುಗಳು, ಎಲ್ಲರ ಬಾಗಿಲ ಮೇಲೂ ನನ್ನ ಕೈಚಳಕವಿದೆ. ಉಳಿ ಹಿಡಿದು ಒಂದು ಹೆಸರು ಕೆತ್ತುವಾಗ ಅದರ ತೂಕ ಎಷ್ಟೆಂದು ಕೈಗೇ ಗೊತ್ತಾಗುತ್ತದೆ. ಅಂಥ ನನ್ನ ಮನೆಯಲ್ಲಿ, ನನ್ನ ಒಬ್ಬಳೇ ಮೊಮ್ಮಗಳಿಗೆ, ನನ್ನನ್ನು ಒಂದು ಮಾತೂ ಕೇಳದೆ ಹೆಸರು ಗೊತ್ತುಮಾಡುತ್ತಾರೆಂದರೆ ನಾನೇನು ಆಟಕ್ಕುಂಟು ಲೆಕ್ಕಕ್ಕಿಲ್ಲವೇ?

ಹೆಸರಾದರೂ ಎಂಥದು! ಝಿವ್ಯಾನಿ!

(ಇನ್ನೊಮ್ಮೆ ಓದಬೇಡಿ. ಎಷ್ಟು ಸಲ ಓದಿದರೂ ಅದು ಹಾಗೇ ಇರುತ್ತದೆ, ನಾನು ನೋಡಿದ್ದೇನೆ.)

"ಅರ್ಥ ಏನೋ ಇದಕ್ಕೆ?" ಎಂದು ಮಗನನ್ನು ಕೇಳಿದೆ.

"ಅರ್ಥ ಅಂತ ಏನಿಲ್ಲ ಅಪ್ಪ. ನಾವೇ ಮಾಡಿದ್ದು. ಅವಳ ಹೆಸರಿಂದ ಒಂಚೂರು, ನನ್ನ ಹೆಸರಿಂದ ಒಂಚೂರು. ಮುಂದೆ 'ಝಿ' ಹಾಕಿದ್ದು ಸ್ಟೈಲಾಗಿರ್ಲಿ ಅಂತ."

ಅಂಗಡಿಯಲ್ಲಿ ಉಳಿದ ಹಿತ್ತಾಳೆ ಚೂರುಗಳಿಗೆ ಬೆಸುಗೆ ಹಾಕಿ ನಾನು ನಾಯಿಗಳ ಕೊರಳಿಗೆ ಬಿಲ್ಲೆ ಮಾಡಿಕೊಡುವುದುಂಟು. ಹಾಗೆ ಮಗುವಿಗೆ ಹೆಸರು ಮಾಡುವುದನ್ನು ಕೇಳಿದ್ದು ಇದೇ ಮೊದಲು.

"ಇಡೀ ಪ್ರಪಂಚದಲ್ಲಿ ಬೇರೆ ಯಾರಿಗೂ ಈ ಹೆಸರಿಲ್ಲ ಗೊತ್ತಾ?"

"ಬಾಲಾನೂ ಯಾರಿಗೂ ಇಲ್ಲ ಕಣೋ. ಅದನ್ನೂ ಒಂದು ಅಂಟಿಸ್ತೀಯಾ?"

ಸೊಸೆ ಶಾಲೆಯಲ್ಲಿ ಗಣಿತದ ಟೀಚರು. ಜಗಳವನ್ನೂ ಲೆಕ್ಕದ ಹಾಗೆ ಹಂತಹಂತವಾಗಿ ಬಿಡಿಸುತ್ತಾಳೆ. "ಮಾವ, ನನ್ನ ಕ್ಲಾಸಲ್ಲಿ ಒಂದೇ ಹೆಸರಿನ ಹುಡುಗೀರು ಐದು ಜನ ಇದಾರೆ. ಒಬ್ಬಳನ್ನ ಕರೆದ್ರೆ ಐದೂ ಜನ ಎದ್ದು ನಿಲ್ತಾರೆ. ನಮ್ಮ ಪಾಪು ಹೆಸರು ಕರೆದಾಗ ನಮ್ಮ ಪಾಪು ಒಬ್ಬಳೇ ಎದ್ದು ನಿಲ್ಲಲಿ ಅಂತ."

ನನಗೆ ಬೇಕಾಗಿದ್ದುದು ನನ್ನ ಅಮ್ಮನ ಹೆಸರು. ಅದನ್ನು ಇಲ್ಲಿ ಬರೆಯುವುದಿಲ್ಲ. ಹಿರಿಯರ ಹೆಸರನ್ನು ಹಾದಿಬೀದಿಯಲ್ಲಿ ಹೇಳಬಾರದೆಂದು ಅವಳೇ ಕಲಿಸಿದ್ದಾಳೆ. ಊರಿಗೆಲ್ಲ ಫಲಕ ಮಾಡಿಕೊಟ್ಟ ಮಗ ಅವಳಿಗೊಂದು ಮಾಡಿಕೊಡಲಿಲ್ಲ. ನಾಳೆ ಮಾಡಿದರಾಯಿತು, ನಾಳೆ ಮಾಡಿದರಾಯಿತು ಎನ್ನುತ್ತಲೇ ಇದ್ದೆ, ಅವಳು ಹೊರಟೇಹೋದಳು. ಆ ಮುಳ್ಳು ಇನ್ನೂ ಒಳಗೇ ಇದೆ. ಮೊಮ್ಮಗಳಿಗಾದರೂ ಆ ಹೆಸರಿಟ್ಟರೆ ಮನೆಯಲ್ಲಿ ದಿನಕ್ಕೆ ನಾಲ್ಕು ಸಲ ಅದು ಕೇಳಿಸುತ್ತದಲ್ಲ ಎಂಬುದು ನನ್ನ ಆಸೆ.

ಹೆಂಡತಿಯಾದರೂ ನನ್ನ ಪಕ್ಷ ಹಿಡಿಯುತ್ತಾಳೆಂದುಕೊಂಡರೆ, ಅವಳು ಬೆಚ್ಚಿಬಿದ್ದಳು. "ಅತ್ತೆ ಹೆಸರಾ? ಬೇಡಪ್ಪ! ಆ ಹೆಸರು ಕಿವಿಗೆ ಬಿದ್ರೆ ನಾನು ಈಗ್ಲೂ ಕೈ ಕಟ್ಕೊಂಡು ಎದ್ದು ನಿಲ್ತೀನಿ. ಮೊಮ್ಮಗಳ ಚಡ್ಡಿ ಬದಲಾಯಿಸೋಕೂ ಅಪ್ಪಣೆ ಕೇಳ್ಬೇಕಾಗುತ್ತೆ."

ಸರಿ, ಏಕಾಂಗಿ ಹೋರಾಟ ಎಂದು ನಿರ್ಧರಿಸಿದೆ. ಹೋರಾಟದಲ್ಲಿ ಎರಡು ವಿಭಾಗ: ಬಹಿರಂಗ ಮತ್ತು ರಹಸ್ಯ.

ಬಹಿರಂಗ ವಿಭಾಗ ಬೆಳಿಗ್ಗೆ ನಡೆಯುತ್ತಿತ್ತು. ಸೊಸೆ ಶಾಲೆಗೆ ಹೋದಮೇಲೆ ಮಗು ನನ್ನ ಜೊತೆ ಕೆಳಗಿನ ಅಂಗಡಿಯಲ್ಲೇ ಇರುತ್ತದೆ. ಬಂದ ಗಿರಾಕಿಗಳಿಗೆಲ್ಲ, ಪೋಸ್ಟ್‌ಮ್ಯಾನಿಗೆ, ಮೀಟರು ನೋಡಲು ಬಂದವನಿಗೆ ನಾನು ಈ ಅನ್ಯಾಯವನ್ನು ವಿವರಿಸುತ್ತಿದ್ದೆ. "ಝಿವ್ಯಾನಿ! ಇದೂ ಒಂದು ಹೆಸರೇನ್ರೀ?" ಎಂದು ಮರದ ಸುತ್ತಿಗೆಯಿಂದ ಮೇಜಿಗೆ ಧಡ್ಡೆಂದು ಕುಟ್ಟಿದರೆ ಉಳಿಗಳೆಲ್ಲ ಕುಣಿದಾಡುತ್ತಿದ್ದವು. ಮೀಟರಿನವನಂತೂ ಓದಿದ ಅಂಕಿಯನ್ನೇ ಮರೆತು ಮತ್ತೊಮ್ಮೆ ಓದಿಕೊಂಡು ಹೋದ.

ರಹಸ್ಯ ವಿಭಾಗ ಮಧ್ಯಾಹ್ನ. ಮಗುವನ್ನು ಹೆಗಲಿಗೆ ಹಾಕಿಕೊಂಡು ಬೆನ್ನು ತಟ್ಟುತ್ತ ಅದರ ಕಿವಿಯಲ್ಲಿ ಅಮ್ಮನ ಹೆಸರನ್ನು ಜೇನಿನಂಥ ದನಿಯಲ್ಲಿ ಮತ್ತೆ ಮತ್ತೆ ಹೇಳುತ್ತಿದ್ದೆ. ಐದು ನಿಮಿಷಕ್ಕೆಲ್ಲ ಮಗು ನನ್ನ ಹೆಗಲ ಮೇಲೆ ಮೆತ್ತಗಾಗುತ್ತಿತ್ತು. ಮೌನಂ ಸಮ್ಮತಿ ಲಕ್ಷಣಂ ಎಂದುಕೊಂಡೆ.

ಜನನ ನೋಂದಣಿಯ ಅರ್ಜಿಯಲ್ಲಿ ಹೆಸರಿನ ಜಾಗ ಏಳು ತಿಂಗಳಿಂದ ಖಾಲಿಯಿತ್ತು. ಸೋಮವಾರ ಕೊಡಲೇಬೇಕು. ಕೊನೆಗೆ ಸೊಸೆಯೇ ಒಂದು ದಾರಿ ಹೇಳಿದಳು.

"ಪಾಪುನೇ ಕೇಳೋಣ ಮಾವ. ಎರಡೂ ಹೆಸರು ಕರೀರಿ. ಯಾವುದಕ್ಕೆ ತಿರುಗಿ ನೋಡ್ತಾಳೋ ಅದನ್ನೇ ಬರೆಯೋಣ. ನೀವೇ ಕರೀರಿ, ಆಮೇಲೆ ಮೋಸ ಅನ್ಬೇಡಿ."

ನಾನು ಎಷ್ಟು ಬೇಗ ಒಪ್ಪಿಕೊಂಡೆನೆಂದರೆ ಹೆಂಡತಿಗೆ ಅನುಮಾನ ಬಂತು. ಒಪ್ಪದೆ ಏನು? ಅಮ್ಮನ ಹೆಸರಿನ ಫಲಕ ಆಗಲೇ ಕೆತ್ತಿ ಮುಗಿದಿತ್ತು. ಸುತ್ತಲೂ ಬಳ್ಳಿಯ ಅಂಚು, ಕನ್ನಡಿಯಂಥ ಹೊಳಪು. ಗೆದ್ದ ಕೂಡಲೇ ತೆಗೆದು ತೋರಿಸೋಣವೆಂದು ಬಟ್ಟೆಯಲ್ಲಿ ಸುತ್ತಿ ಜುಬ್ಬಾದ ಜೇಬಿನಲ್ಲಿ ಇಟ್ಟುಕೊಂಡಿದ್ದೆ. (ಕೂಸು ಹುಟ್ಟುವ ಮುಂಚೆ ಕುಲಾವಿ ಎನ್ನುತ್ತಾಳೆಂದು ಹೆಂಡತಿಗೆ ಹೇಳಿರಲಿಲ್ಲ.)

ಭಾನುವಾರ ಬೆಳಿಗ್ಗೆ ನಡುಮನೆಯಲ್ಲಿ ಚಾಪೆ ಹಾಸಿ ಮಗುವನ್ನು ನಮಗೆ ಬೆನ್ನು ಮಾಡಿ ಕೂರಿಸಿದರು. ಅದು ಒಂದು ಚಮಚವನ್ನು ಕಚ್ಚುತ್ತ ಕೂತಿತ್ತು. ನಾನು ಗಂಟಲು ಸರಿಮಾಡಿಕೊಂಡು, ಅದೇ ಜೇನಿನಂಥ ದನಿಯಲ್ಲಿ ಅಮ್ಮನ ಹೆಸರು ಕರೆದೆ.

ಚಮಚ ಕೈಯಿಂದ ಬಿತ್ತು. "ನೋಡಿ, ನೋಡಿ!" ಎಂದೆ.

ಮಗು ಬಾಯಿ ಅಗಲಿಸಿ ದೊಡ್ಡದೊಂದು ಆಕಳಿಕೆ ತೆಗೆಯಿತು. ಹೆಬ್ಬೆರಳನ್ನು ಬಾಯಿಗಿಟ್ಟುಕೊಂಡು ಹಾಗೇ ದಿಂಬಿಗೆ ವಾಲಿತು.

"ಏನಾಯ್ತು ಇವಳಿಗೆ? ಈಗ ತಾನೇ ಎದ್ದಿದ್ಳಲ್ಲ!" ಎಂದ ಮಗ.

ಹೆಂಡತಿ ನನ್ನನ್ನೇ ನೋಡಿದಳು. "ದಿನಾ ಮಧ್ಯಾಹ್ನ ಅದರ ಕಿವೀಲಿ ಏನು ಗುನುಗ್ತಿದ್ರಿ ಅಂತ ಈಗ ಗೊತ್ತಾಯ್ತು ಬಿಡಿ."

"ಇನ್ನೊಂದು ಕರೀರಿ ಮಾವ," ಎಂದಳು ಸೊಸೆ.

ಕಹಿ ಔಷಧಿ ಉಗುಳುವವನಂತೆ ಮೆಲ್ಲಗೆ "ಝಿವ್ಯಾನಿ" ಎಂದೆ. ಮಗು ಅಲ್ಲಾಡಲಿಲ್ಲ. ಇನ್ನೊಮ್ಮೆ ಎಂದೆ. ಊಹೂಂ.

ಅಲ್ಲಿಗೆ ನಾನು ಸುಮ್ಮನಿದ್ದಿದ್ದರೆ ಪಂದ್ಯ ಸಮವಾಗುತ್ತಿತ್ತು. ಸುಮ್ಮನಿರುವ ಜಾಯಮಾನವೇ ನನ್ನದಲ್ಲ. ಎದ್ದು ನಿಂತು ಗರ್ಜಿಸಿದೆ: "ನೋಡಿದ್ರಾ? ಮಗೂಗೇ ಬೇಡವಂತೆ! ನಾನು ಮೊದಲಿಂದ ಬಡ್ಕೊಂಡೆ. ಝಿವ್ಯಾನಿ! ಇದೂ ಒಂದು ಹೆಸರೇನ್ರೀ?" ಎಂದು ಮೇಜಿಗೆ ಧಡ್ಡೆಂದು ಗುದ್ದಿದೆ.

ಮಗು ಗಿರಕ್ಕನೆ ತಿರುಗಿತು. ಕಣ್ಣು ಇಷ್ಟಗಲ. ಇರುವ ಎರಡೂ ಹಲ್ಲು ತೋರಿಸಿ ಕಿಲಕಿಲ ನಗುತ್ತ, ಎರಡೂ ಕೈ ಚಾಚಿ, ಮಲಗಿದಲ್ಲೇ ಕುಣಿಯತೊಡಗಿತು. ಮಗ ಅರ್ಜಿ ಬರೆಯಲು ಪೆನ್ನು ಹುಡುಕಿದ.

ನಾನು ಕುಸಿದು ಕೂತಾಗ ಜೇಬಿನಿಂದ ಫಲಕ ಜಾರಿ ಬಿತ್ತು. ಹೆಂಡತಿ ಬಟ್ಟೆ ಬಿಚ್ಚಿ ಓದಿದಳು. ನಗುತ್ತಾಳೆಂದು ಹಲ್ಲು ಕಚ್ಚಿಕೊಂಡೆ. ಅವಳು ನಗಲಿಲ್ಲ. ಸೆರಗಿನಿಂದ ಅದನ್ನು ಒಮ್ಮೆ ಒರೆಸಿದಳು.

"ಇದನ್ನ ಬೀದಿ ಬಾಗಿಲಿಗೆ ಹಾಕಿ. ಮನೆ ಅವರದೇ ಅಲ್ವಾ? ನಾನು ಹೋಗ್ತಾ ಬರ್ತಾ ಕೈ ಕಟ್ಕೊಂಡ್ರಾಯ್ತು."

ಅಂದೇ ಸಂಜೆ ನಾಲ್ಕು ಮೊಳೆ ಹೊಡೆದು ಹಾಕಿದೆ.

ಅದರಿಂದ ನನ್ನ ಸಿಟ್ಟು ಇಳಿಯಿತೆಂದು ತಿಳಿಯಬೇಡಿ. ಇಳಿಯಲು ಬಿಟ್ಟರೆ ತಾನೆ! ಈಗ ದಿನಾ ಬೆಳಿಗ್ಗೆ, ಸಂಜೆ ಮೇಲಿನಿಂದ ಕೂಗು ಬರುತ್ತದೆ: "ಮಾವ, ಪಾಪು ಬಾಯೇ ಬಿಡ್ತಿಲ್ಲ. ಬೇಗ ಬಂದು ಸ್ವಲ್ಪ ಸಿಟ್ಟು ಮಾಡ್ಕೊಳ್ಳಿ!" ನಾನು ಉಳಿ ಕೆಳಗಿಟ್ಟು, ಮೆಟ್ಟಿಲು ಹತ್ತಿ, ಮೇಜು ಕುಟ್ಟಿ ಅನ್ಯಾಯವನ್ನು ಖಂಡಿಸುತ್ತೇನೆ. ಮಗು ಬಾಯ್ತುಂಬ ನಗುತ್ತದೆ. ಸೊಸೆ ಆ ಬಾಯಿಗೆ ಚಮಚ ಇಡುತ್ತಾಳೆ.

ಮೊನ್ನೆ ಪಕ್ಕದ ಮನೆಯಾಕೆ ಬಂದು, "ತುಂಬಾ ಹೊಸ ಥರ ಇದೆ ಹೆಸರು. ಏನರ್ಥ?" ಎಂದು ಕೇಳಿದರು.

ಹೆಂಡತಿ ಕಿಲಕಿಲ ನಗುತ್ತಿದ್ದ ಮಗುವಿನ ಬಾಯಿ ಒರೆಸುತ್ತ, ಮೇಜು ಕುಟ್ಟುತ್ತಿದ್ದ ನನ್ನ ಕಡೆ ಬೆರಳು ತೋರಿಸಿದಳು.