ಟ್ರಾಮಿನಲ್ಲಿ ದ್ರವ ಆಮ್ಲಜನಕ

ದ್ರವ ಆಮ್ಲಜನಕದ ಪಾತ್ರೆಯನ್ನು ಬಿಗಿಯಾಗಿ ಮುಚ್ಚುವಂತಿಲ್ಲ. ಮುಚ್ಚಿದರೆ ಸಿಡಿಯುತ್ತದೆ, ತೆರೆದಿಟ್ಟರೆ ಆವಿಯಾಗುತ್ತಲೇ ಇರುತ್ತದೆ. ೧೯೩೩ರಲ್ಲಿ ಮಾಸ್ಕೋದ ಒಂದು ನೆಲಮಾಳಿಗೆಯಲ್ಲಿ ಕೆಲವರು ಸೇರಿ ರಾಕೆಟ್ ಕಟ್ಟುತ್ತಿದ್ದರು. ರಾಕೆಟ್‌ನ ಇಂಧನ ಉರಿಯಲು ಬೇಕಾದ ಈ ದ್ರವವನ್ನು ಕಾರ್ಖಾನೆಯಿಂದ ಹೊತ್ತು ತರುವವನು ಯೆರ್ಮೊಲಾಯ್ ಸಾವಿಚ್. ಹಿಂದೆ ಎರಡು ಸಲ ಅವನು ತಂದದ್ದು ದಾರಿಯಲ್ಲೇ ಅರ್ಧ ಆರಿಹೋಗಿ, ರಾಕೆಟ್ ನೆಲ ಬಿಟ್ಟು ಕದಲಿರಲಿಲ್ಲ.

"ಇವತ್ತು ಸೇನೆಯವರು ನೋಡೋಕೆ ಬರ್ತಾರೆ," ಎಂದಿದ್ದ ಮುಖ್ಯಸ್ಥ ಝಖಾರ್ ಕುಜ್ಮಿಚ್. "ಈ ಸಲವೂ ಅರ್ಧ ತಂದ್ರೆ, ನೀನು ವಾಪಸ್ ಬೀಗದ ಕಾರ್ಖಾನೆಗೆ ಹೋಗಿಬಿಡಪ್ಪ."

ಮಂಗಳ ಗ್ರಹದ ಕನಸು ಕಾಣುವವನಿಗೆ ಬೀಗದ ಕಾರ್ಖಾನೆಯ ಮಾತು ಎದೆಗೆ ಚುಚ್ಚಿತು.

ಆಮ್ಲಜನಕ ತುಂಬಿಸಿಕೊಂಡು ಹೊರಟವನು ದಾರಿಯಲ್ಲಿ ಒದ್ದೆ ಬೂಟು ಬದಲಿಸಲೆಂದು ಮನೆಗೆ ಬಂದು, ಐದು ಸಂಸಾರಗಳು ಹಂಚಿಕೊಂಡಿದ್ದ ಅಡುಗೆಮನೆಯಲ್ಲಿ ಪಾತ್ರೆಯಿಟ್ಟು ಕೋಣೆಗೆ ಹೋದ. ತಿರುಗಿ ಬರುವಷ್ಟರಲ್ಲಿ ಪಕ್ಕದ ಕೋಣೆಯ ಗ್ಲಫೀರಾ ಫೊಮಿನಿಷ್ನಾ ಅದರ ಬಾಯಿಗೆ ಬಟ್ಟೆ ತುರುಕಿ, ಅದರ ಮೇಲೆ ಉಪ್ಪಿನ ಸೌತೆಕಾಯಿಯ ಜಾಡಿಯನ್ನು ಹೇರಿದ್ದಳು.

"ನಿಮ್ಮ ಸಾರು ಆರಿಹೋಗ್ತಿತ್ತು ಕಣ್ರೀ!"

"ಅಯ್ಯೋ ತಾಯಿ, ಅದು ಸಾರಲ್ಲ!" ಎಂದು ಅವನು ಬಟ್ಟೆ ಕಿತ್ತ. ಬುಸ್ಸೆಂದು ಎದ್ದ ಬಿಳಿ ಹೊಗೆಯಲ್ಲಿ ಗ್ಲಫೀರಾ ಗುಡಿಯ ಧೂಪದ ನಡುವಿನ ಸಂತಳಂತೆ ಕಂಡಳು. ಐದೂ ಸಂಸಾರಗಳು ಬಾಗಿಲಿಗೆ ಅಡ್ಡ ನಿಂತವು.

"ಏನದು ಹೇಳಿ ಹೋಗಿ! ಮನೆ ಸುಡ್ತೀರಾ?"

ವಾದಿಸುತ್ತ ನಿಂತರೆ ದ್ರವ ಉಳಿಯುವುದಿಲ್ಲ. ಎಲ್ಲವನ್ನೂ ಹೇಳಿದ. ರಾಕೆಟ್, ಊರಾಚೆಯ ಕಾಡು, ಮಧ್ಯಾಹ್ನದ ಹಾರಾಟ. ಕೂಡಲೇ ದಾರಿ ಬಿಟ್ಟರು.

ಟ್ರಾಮಿನಲ್ಲಿ ಕಂಡಕ್ಟರಮ್ಮ ತಡೆದಳು. "ಹೊಗೆಯಾಡೋದನ್ನ ಹತ್ತಿಸಲ್ಲ. ಇಳೀರಿ."

"ಇದು ಹೋಗದಿದ್ರೆ ರಾಕೆಟ್ ಏಳಲ್ಲಮ್ಮಾ."

"ರಾಕೆಟ್ಟಾ? ಎಲ್ಲಿಗೆ?"

ಮತ್ತೆ ಎಲ್ಲವನ್ನೂ ಹೇಳಿದ. ಒಬ್ಬ ಮುದುಕ ಟೋಪಿ ತೆಗೆದ. "ಚಂದ್ರನ ಮೇಲೂ ರೊಟ್ಟಿಗೆ ಸಾಲು ನಿಲ್ಲಬೇಕೇನಪ್ಪಾ?" ಎಂದು ಯಾರೋ ಕೇಳಿದರು. ಪ್ರಯಾಣಿಕರೇ ಕೂಗಿ, ನಡುವಿನ ನಿಲ್ದಾಣಗಳಲ್ಲಿ ನಿಲ್ಲಿಸದಂತೆ ಚಾಲಕನನ್ನು ಒಪ್ಪಿಸಿದರು. ಇಳಿಯಬೇಕಿದ್ದವರೂ ಕಡೆಯ ನಿಲ್ದಾಣದವರೆಗೆ ಬಂದರು.

ಕಾಡು ಸೇರಿದಾಗ ಪಾತ್ರೆ ಮುಕ್ಕಾಲಿಗಿಂತ ಮೇಲಿತ್ತು. ಝಖಾರ್ ಕುಜ್ಮಿಚ್ ಒಳಗೆ ಇಣುಕಿ, ಅವನ ಭುಜ ಒತ್ತಿದ.

ಬೆಂಕಿ ಹೊತ್ತಿತು. ಆಳುದ್ದದ ಆ ಕೊಳವೆ ಮೊದಲು ಅನುಮಾನಿಸಿದಂತೆ ನಡುಗಿತು. ಆಮೇಲೆ ನೆಲ ಬಿಟ್ಟು ಫರ್ ಮರಗಳ ತುದಿ ದಾಟಿತು. ನಾಲ್ಕಾರು ಉಸಿರಿನ ಕಾಲ ಆಕಾಶದಲ್ಲಿ ಮನುಷ್ಯ ಮಾಡಿದ ಒಂದು ಬೆಳಕಿತ್ತು. ಅದು ವಾಲಿ ಬಿದ್ದ ಮೇಲೂ ಯಾರೂ ತಲೆ ತಗ್ಗಿಸಲಿಲ್ಲ. ಇದೇ ದಾರಿಯಲ್ಲಿ ಮುಂದೊಂದು ದಿನ ಮನುಷ್ಯರೂ ಹೋಗುತ್ತಾರೆ ಎಂದು ಯೆರ್ಮೊಲಾಯ್‌ಗೆ ಖಾತ್ರಿಯಾಯಿತು. ಅವನ ಕಣ್ಣು ತುಂಬಿತು.

ಸೇನಾಧಿಕಾರಿಯ ದನಿಯೂ ಗಂಭೀರವಾಗಿತ್ತು. "ಇದು ಆಟಿಕೆಯಲ್ಲ. ಇಂದಿನಿಂದ ಈ ಕೆಲಸ ದೇಶದ ಗುಟ್ಟು. ಹೊರಗಿನವರಿಗೆ ಒಂದಕ್ಷರವನ್ನಾದರೂ ಹೇಳಿದವನಿಗೆ ಇಲ್ಲಿ ಜಾಗವಿಲ್ಲ. ಸದ್ಯ, ಇದುವರೆಗೆ ಯಾರಿಗೂ ಗೊತ್ತಾಗಿಲ್ಲ."

ಆಗ ಮರಗಳ ಹಿಂದಿನಿಂದ ಚಪ್ಪಾಳೆ ಕೇಳಿತು.

ಗ್ಲಫೀರಾ ಫೊಮಿನಿಷ್ನಾ ಐದೂ ಸಂಸಾರಗಳೊಂದಿಗೆ ಹೊರಬಂದಳು. ಅವಳ ಹಿಂದೆ ಇಡೀ ಟ್ರಾಮಿನ ಜನ. ಕಂಡಕ್ಟರಮ್ಮ ಟಿಕೆಟ್ ಚೀಲವನ್ನೂ ಬಿಚ್ಚಿರಲಿಲ್ಲ.

"ಸಾವಿಚ್, ಆಮ್ಲಜನಕ ಸಾಕಾಯ್ತಾ?" ಎಂದು ಕೂಗಿದಳು.

"ನೀವು ಹೇಳಿದ ಹಾಗೇ ಹಾರ್ತು ಕಣ್ರೀ!" ಎಂದಳು ಗ್ಲಫೀರಾ. ಅಧಿಕಾರಿಯತ್ತ ತಿರುಗಿ, "ಎಷ್ಟು ಚೆನ್ನಾಗಿ ತಿಳಿಸಿ ಹೇಳ್ತಾರೆ ಅಂತೀರಿ, ಸಾಹೇಬ್ರೇ! ನಮ್ಮಂಥವರಿಗೂ ಅರ್ಥವಾಗೋ ಹಾಗೆ!"

ಝಖಾರ್ ಕುಜ್ಮಿಚ್ ಖಾಲಿ ಪಾತ್ರೆಯನ್ನು ಮೆಲ್ಲಗೆ ಯೆರ್ಮೊಲಾಯ್‌ನ ಕೈಯಿಂದ ತೆಗೆದುಕೊಂಡ.

ಯೆರ್ಮೊಲಾಯ್ ಅದೇ ಟ್ರಾಮಿನಲ್ಲಿ ಹಿಂತಿರುಗಿದ. ರಾಕೆಟ್ ಹೇಗೆ ಎದ್ದಿತೆಂದು ದಾರಿಯುದ್ದಕ್ಕೂ ಎಲ್ಲರೂ ಸೇರಿ ಅವನಿಗೇ ವಿವರಿಸಿದರು. ಇನ್ನು ಬಾಯಿ ಬಿಡುವುದಿಲ್ಲವೆಂದು ಅಧಿಕಾರಿಗೆ ಆಗಷ್ಟೇ ಮಾತು ಕೊಟ್ಟು ಬಂದಿದ್ದರಿಂದ, ಅವನು ಹೌದೆಂದು ತಲೆಯಾಡಿಸುವಂತೆಯೂ ಇರಲಿಲ್ಲ.