ನಮ್ಮ ಯಜಮಾನರು ಅಮೆರಿಕಕ್ಕೆ ಬುದ್ಧಿ ಹೇಳಿದ್ದು

ಅಮೆರಿಕವನ್ನು ಬೈದು ಕನ್ನಡದಲ್ಲಿ ಪುಸ್ತಕ ಬರೆಯುವ ಗಂಡನನ್ನು ಕಟ್ಟಿಕೊಂಡು ಅಮೆರಿಕದಲ್ಲೇ ಸಂಸಾರ ಮಾಡಿ ನೋಡಿ, ಬೆಳಗಾದರೆ ಒಂದಲ್ಲ ಒಂದು ಪ್ರಸಂಗ ಬಾಗಿಲು ತಟ್ಟಿಕೊಂಡು ಬರುತ್ತೆ. ನಮ್ಮ ಯಜಮಾನರು ಲ್ಯಾಬಿನಲ್ಲಿ ಸೈಂಟಿಸ್ಟು. ಅರವತ್ತರ ದಶಕದ ಕೊನೆಯಲ್ಲಿ ವಾಷಿಂಗ್ಟನ್ ಪಕ್ಕದ ಮೇರಿಲ್ಯಾಂಡಿಗೆ ಬಂದೆವು. ಹಗಲು ಈ ದೇಶದ ಸಂಬಳ, ಸಂಜೆ ಈ ದೇಶದ ಮೇಲೆ ಸಿಟ್ಟು. ಇಲ್ಲಿಯ ಅಂಗಡಿ, ರಾಜಕೀಯ, ಬಡವ-ಬಲ್ಲಿದ ಭೇದ, ಒಂದನ್ನೂ ಬಿಡದೆ ಬೈದು ಮೂರು ಪುಸ್ತಕ ಬರೆದರು.

ನಾನು ಶಾಲೆ ಕಂಡವಳಲ್ಲ. ಆಗ ನನಗೆ ಕನ್ನಡ ಓದಲೂ ಬರುತ್ತಿರಲಿಲ್ಲ. ಬರೆದದ್ದನ್ನೆಲ್ಲ ಅವರೇ ಓದಿ ಹೇಳುತ್ತಿದ್ದರು, ನಾನು ಹುರುಳೀಕಾಯಿ ಸೋಸುತ್ತಾ ಕೇಳುತ್ತಿದ್ದೆ. ಅಕ್ಷರ ಕೂಡಿಸುವುದು ಕಲಿತದ್ದು ಅವರು ಹೋದಮೇಲೆ, ಅವರ ಪುಸ್ತಕವನ್ನೇ ಮುಂದಿಟ್ಟುಕೊಂಡು. ಅದಕ್ಕೇ ನನ್ನ ಬರವಣಿಗೆಯಲ್ಲೂ ಬೈಗುಳ ಸ್ವಲ್ಪ ಜಾಸ್ತಿ.

ಅವರಿಗೆ ಇದ್ದದ್ದು ಒಂದೇ ಆಸೆ. "ನಿನ್ನನ್ನ ಬಿಟ್ಟು ಇನ್ನೊಬ್ಬರು, ಒಬ್ಬೇ ಒಬ್ಬರು, ಒಂದು ಅಧ್ಯಾಯನಾದ್ರೂ ಮೊದಲಿನಿಂದ ಕೊನೇವರೆಗೆ ಕೇಳಬೇಕು ಕಣೇ" ಅನ್ನುತ್ತಿದ್ದರು.

೧. ಮೂರು ಪೊರಕೆ

ನಾನು ಬಂದ ಹೊಸತು. ಒಂದು ದೊಡ್ಡ ಅಂಗಡಿಯಲ್ಲಿ ಪೊರಕೆಗಳ ಮೇಲೆ ಬೋರ್ಡು. ಎರಡು ಕೊಂಡರೆ ಒಂದು ಫ್ರೀ ಅಂತ ಅವರೇ ಓದಿ ಹೇಳಿದರು. ಹೇಳಬಾರದಿತ್ತು. ಮೂರು ಪೊರಕೆ ಮನೆಗೆ ಬಂತು.

"ಗೋಡೆಯಿಂದ ಗೋಡೆಗೆ ಕಾರ್ಪೆಟ್ ಇದೆ. ಈ ಮನೇಲಿ ಗುಡಿಸೋಕೆ ನೆಲ ಎಲ್ಲಿದೆ ಮಾರಾಯ್ತಿ?"

"ಮೂರನೇದು ಬಿಟ್ಟಿ ಬಂತಲ್ರೀ."

"ಬೇಡದ ಎರಡಕ್ಕೆ ಬೇಡದ ಇನ್ನೊಂದು! ಇಡೀ ದೇಶ ನಡೀತಾ ಇರೋದೇ ಹೀಗೆ" ಅಂತ ಅವತ್ತೇ ಬರೆಯಲು ಕೂತರು. ಮೊದಲ ಪುಸ್ತಕ ಹುಟ್ಟಿದ್ದು ಹೀಗೆ. ಮೊದಲ ಸಾಲು ಓದಿ ಹೇಳಿದರು: 'ನನಗೆ ಪರಿಚಯದ ಒಬ್ಬಾಕೆ ಇದ್ದಾಳೆ.'

"ಯಾರ್ರೀ ಅದು?" ಅಂದೆ.

"ಕಾಲ್ಪನಿಕ."

ಪುಸ್ತಕ ಅಚ್ಚಾದದ್ದು ಮೈಸೂರಿನಲ್ಲಿ. ಇಲ್ಲಿಯ ಕನ್ನಡದವರಿಗೆ ಹಂಚಬೇಕೆಂದು ಹಡಗಿನಲ್ಲಿ ತರಿಸಿದರು. ಪೆಟ್ಟಿಗೆಗಳು ಬಂದವು, ಇನ್ನೂ ಬಂದವು. ಕಾರು ಗರಾಜಿನಿಂದ ಬೀದಿಗೆ ಬಿತ್ತು.

"ಸ್ವಲ್ಪ ಹಾಕ್ಸಿದ್ದೀನಿ ಅಂದ್ರಲ್ರೀ?"

ನೆಲ ನೋಡುತ್ತಾ ಅಂದರು: "ಐನೂರು ಸಾಕು ಅಂದೆ. ಸಾವಿರ ಹಾಕ್ಸಿದ್ರೆ ಅರ್ಧ ರೇಟು ಅಂದ ಕಣೇ ಪ್ರೆಸ್ಸಿನವನು."

ನಾನು ಆ ಮೂರನೇ ಪೊರಕೆ ತಂದು, ಗರಾಜು ಗುಡಿಸಿ ಜಾಗ ಮಾಡಿಕೊಟ್ಟೆ.

೨. ಕುರ್ಚಿ ಬಿಡದ ಅಧ್ಯಕ್ಷರು

ಎರಡನೆಯ ಪುಸ್ತಕ ರಾಜಕೀಯದ್ದು. ಆಗ ಟೀವಿಯಲ್ಲಿ ದಿನವಿಡೀ ಇಲ್ಲಿಯ ಅಧ್ಯಕ್ಷರ ಹಗರಣದ ವಿಚಾರಣೆ. ನನಗೆ ಭಾಷೆ ತಿಳಿಯದಿದ್ದರೂ ಯಾರು ಬೆವರುತ್ತಿದ್ದಾರೆ ಅನ್ನುವುದು ತಿಳಿಯುತ್ತಿತ್ತು. ಇವರು ಬರೆದರು: 'ಈ ಅಧ್ಯಕ್ಷ ಜೀವ ಹೋದರೂ ಕುರ್ಚಿ ಬಿಡುವವನಲ್ಲ. ಬರೆದಿಟ್ಟುಕೊಳ್ಳಿ.'

"ಅಷ್ಟು ಗಟ್ಟಿಯಾಗಿ ಹೇಳ್ಬೇಡಿ, ಆ ಮನುಷ್ಯನ ಮುಖ ಸರಿಯಿಲ್ಲ" ಅಂದೆ.

"ನಿನಗೆ ಪಾಲಿಟಿಕ್ಸ್ ಗೊತ್ತಾಗಲ್ಲ ಬಿಡು."

ಪುಸ್ತಕ ಅಚ್ಚಾಗಿ, ಹಡಗು ಹತ್ತಿ, ಸಮುದ್ರದ ಮೇಲಿದ್ದಾಗ ಅಧ್ಯಕ್ಷರು ರಾಜೀನಾಮೆ ಕೊಟ್ಟು ಮನೆಗೆ ಹೋದರು. ಇವರು ಊಟ ಬಿಟ್ಟರು. ದೇಶವೆಲ್ಲ ಖುಷಿಯಾಗಿದ್ದಾಗ ನಮ್ಮ ಮನೆಯಲ್ಲಿ ಮಾತ್ರ ಸೂತಕ.

ಪೆಟ್ಟಿಗೆ ಬಂದಮೇಲೆ ಗಂಡ ಹೆಂಡತಿ ಗರಾಜಿನಲ್ಲಿ ಕೂತೆವು. ಅವರು ಪುಟ್ಟ ಪುಟ್ಟ ಚೀಟಿಗಳಲ್ಲಿ 'ಕೊನೆಗೂ ಬಿಟ್ಟ' ಅಂತ ಬರೆದು ಕೊಡುವುದು, ನಾನು ಮೈದಾ ಗಂಜಿ ಕಾಸಿ ಆ ಸಾಲಿನ ಮೇಲೆ ಅಂಟಿಸುವುದು. ವಾರಗಟ್ಟಲೆ ಅದೇ ಕೆಲಸ. ಆದರೆ ಮೈದಾ ಗಂಜಿ ಅಂದರೆ ಇರುವೆಗೆ ಹಬ್ಬದೂಟ. ಬೇಸಿಗೆ ಮುಗಿಯುವಷ್ಟರಲ್ಲಿ ಇರುವೆಗಳು ಒಂದೊಂದೇ ಚೀಟಿ ತಿಂದು ಮುಗಿಸಿ, ಅಧ್ಯಕ್ಷರನ್ನು ಮತ್ತೆ ಕುರ್ಚಿಯ ಮೇಲೆ ಕೂರಿಸಿದ್ದವು.

೩. ಊಟದ ಹೊತ್ತು

ಅದೇ ಪುಸ್ತಕದಲ್ಲಿ ಬಡವ-ಬಲ್ಲಿದರ ಬಗ್ಗೆ ಒಂದು ಅಧ್ಯಾಯ ಇತ್ತು. ಲ್ಯಾಬಿನಲ್ಲಿ ನೆಲ ಒರೆಸುವ ಒಬ್ಬರು ಕರಿಯ ಜನಾಂಗದವರು, ನಮ್ಮವರಿಗಿಂತ ಹಿರಿಯರು, ಮೂಲೆಯಲ್ಲಿ ಒಬ್ಬರೇ ಕೂತು ಊಟ ಮಾಡುತ್ತಿದ್ದರಂತೆ. ಅದನ್ನು ಕಂಡು ಇವರಿಗೆ ನಮ್ಮೂರ ಹಿತ್ತಲ ಬಾಗಿಲು, ಅಲ್ಲಿ ಎಲೆ ಹಿಡಿದು ನಿಲ್ಲುತ್ತಿದ್ದವರು, ಎಲ್ಲ ನೆನಪಾಗಿ ಕಣ್ಣಲ್ಲಿ ನೀರು. ಮಾರನೇ ದಿನ ನನ್ನ ಚಿತ್ರಾನ್ನದ ಡಬ್ಬಿ ಹಿಡಿದು ನೇರ ಹೋಗಿ ಅವರ ಎದುರು ಕೂತು, ಸಮಾನತೆಯ ಬಗ್ಗೆ ಮಾತು ಶುರು ಮಾಡಿದರು. ಆ ಮನುಷ್ಯ ಎಲ್ಲ ಕೇಳಿ ಅಂದರಂತೆ: "ಡಾಕ್ಟರ್, ನಿಮ್ಮಂಥವರ ಮಾತು ಕೇಳದೆ ಇರೋಕೆ ನನಗೆ ದಿನಕ್ಕೆ ಸಿಗೋದು ಇದೊಂದೇ ಹೊತ್ತು."

ಇವರು ಎದ್ದರು. "ಎದ್ದು ಹೋಗಿ ಅನ್ನಲಿಲ್ಲ. ಮಾತಾಡಬೇಡಿ ಅಂದೆ" ಅಂದರಂತೆ ಅವರು. ಆಮೇಲೆ ವರ್ಷಾನುಗಟ್ಟಲೆ ಇಬ್ಬರೂ ಎದುರುಬದುರು ಕೂತು ಮಾತಿಲ್ಲದೆ ಉಂಡರು. ಯಜಮಾನರಿಗೆ ಈ ದೇಶದಲ್ಲಿ ಇದ್ದ ನಿಜವಾದ ಗೆಳೆಯ ಅವರೊಬ್ಬರೇ.

ನಾವು ಮೇರಿಲ್ಯಾಂಡ್ ಬಿಟ್ಟು ನಾರ್ತ್ ಕ್ಯಾರೊಲೈನಾದ ಕ್ಯಾರಿಗೆ ಹೊರಟ ದಿನ ಆ ಗೆಳೆಯರು ಪೆಟ್ಟಿಗೆ ಎತ್ತಿಸಲು ತಾವಾಗಿ ಬಂದರು. ಲಾರಿಗೆ ಏರಿಸುತ್ತಾ ಬೆನ್ನು ಹಿಡಿದುಕೊಂಡು, "ಏನಪ್ಪಾ ಇದರಲ್ಲಿ, ಇಷ್ಟು ಭಾರ?" ಅಂದರು.

ಇವರು ಹೆಮ್ಮೆಯಿಂದ, "ಬಡವರ ಮೇಲಿರೋ ಹೊರೆ ಬಗ್ಗೆ ಬರೆದಿದ್ದೀನಿ" ಅಂದರು.

"ಹಾಗಾದ್ರೆ ಅದನ್ನೂ ನಾನೇ ಹೊರಬೇಕಾ?"

ಇಬ್ಬರೂ ಲಾರಿಗೆ ಒರಗಿ ನಕ್ಕರು. ಆಮೇಲೆ ಇಬ್ಬರೂ ಬೇರೆ ಬೇರೆ ಕಡೆ ಮುಖ ತಿರುಗಿಸಿಕೊಂಡು ಮೂಗು ಒರೆಸಿಕೊಂಡರು.

೪. ಬಿಸಿಬೇಳೆ ಭಾತಿನ ಕೆಳಗೆ

ಅಟ್ಲಾಂಟಾದಲ್ಲಿ ನಮ್ಮ ಕಡೆಯವರೇ ಒಬ್ಬ ಡಾಕ್ಟರು. ಯುಗಾದಿಗೆ ಅವರ ಮನೆ ಬೇಸ್‌ಮೆಂಟಿನಲ್ಲಿ ಕನ್ನಡದವರೆಲ್ಲ ಸೇರುತ್ತಿದ್ದರು. ಒಂದು ವರ್ಷ ಅಲ್ಲಿ ಪುಸ್ತಕ ಹಂಚಿದೆವು. "ಆಹಾ, ಬೇಕಾಗಿತ್ತು ಸಾರ್ ಇಂಥದ್ದು", "ಈ ವೀಕೆಂಡೇ ಓದ್ತೀನಿ ಅಂಕಲ್" ಅಂತ ಎಲ್ಲರದ್ದೂ ಹೊಗಳಿಕೆ. ವಾಪಸ್ ಬರುವಾಗ ಇವರು ದಾರಿಯುದ್ದಕ್ಕೂ ಡ್ರೈವ್ ಮಾಡುತ್ತಾ ಹಾಡಿದರು. ಅವರು ಹಾಡಿದ್ದನ್ನು ನಾನು ಕೇಳಿದ್ದು ಅದೊಂದೇ ಸಲ, ಅಷ್ಟೇ ಸಾಕು ಅನ್ನಿಸುವ ಹಾಗಿತ್ತು.

ಮುಂದಿನ ಯುಗಾದಿಗೆ ಅದೇ ಮನೆ. ಬಿಸಿಬೇಳೆ ಭಾತಿನ ದೊಡ್ಡ ಪಾತ್ರೆ ಬಂತು. ಕೆಳಗೆ ಟೇಬಲ್ ಸುಡದಿರಲೆಂದು ಇಟ್ಟದ್ದು ಏನು ಅಂತ ನಾನು ಅಂಚು ನೋಡಿಯೇ ಗುರುತಿಸಿದೆ. ಅವರೂ ನೋಡಿದರು. ಡಾಕ್ಟರ ಹೆಂಡತಿಯ ಮುಖ ಕಪ್ಪಿಟ್ಟಿತು. "ಅಯ್ಯೋ ಅಂಕಲ್, ಅದು..."

ಇವರು ತಾವೇ ತಟ್ಟೆ ಹಿಡಿದು ಮುಂದೆ ಹೋಗಿ, ಪಾತ್ರೆಯನ್ನು ಪುಸ್ತಕದ ಮಧ್ಯಕ್ಕೆ ಸರಿಯಾಗಿ ಕೂರಿಸಿದರು. "ಪರವಾಗಿಲ್ಲಮ್ಮಾ. ಇಷ್ಟು ಬಿಸಿ ವಿಷಯ ಅದರ ಒಳಗೂ ಇರಲಿಲ್ಲ."

ಎಲ್ಲರೂ ನಕ್ಕರು. ಮನೆಗೆ ಬರುವ ದಾರಿಯಲ್ಲಿ ಹಾಡು ಇರಲಿಲ್ಲ.

೫. ಪಕ್ಕದ ಮನೆಯ ಫ್ರೀಜರ್

ಕ್ಯಾರಿಯಲ್ಲಿ ಪಕ್ಕದ ಮನೆಯವಳು ಒಂಟಿ ಹೆಂಗಸು, ಗಂಡ ತೀರಿಕೊಂಡಿದ್ದ. ಅವಳ ಮನೆಯಲ್ಲಿ ಒಬ್ಬ ಮನುಷ್ಯ ಕಾಲು ಚಾಚಿ ಮಲಗಬಹುದಾದಂಥ ಫ್ರೀಜರ್. ಅದರ ತುಂಬ ಮಾಂಸ, ಬ್ರೆಡ್ಡು, ಐಸ್‌ಕ್ರೀಮು. ಅದನ್ನು ನೋಡಿ ಬಂದು ಯಜಮಾನರು ಮೂರನೇ ಪುಸ್ತಕಕ್ಕೆ ಒಂದು ಅಧ್ಯಾಯ ಬರೆದರು. 'ಒಂದು ಹೊಟ್ಟೆ, ಒಂದು ಸೈನ್ಯದ ಊಟ' ಅಂತ ಅವಳನ್ನು ಚೆನ್ನಾಗಿ ಆಡಿಕೊಂಡು ಓದಿ ಹೇಳಿದರು. ನಾನು ನಗಲಿಲ್ಲ.

"ಯಾಕೆ, ಚೆನ್ನಾಗಿಲ್ವಾ?"

"ಏನು ತುಂಬಿಟ್ಟಿದ್ದಾಳೆ ಅಂತ ಬರೆದಿದ್ದೀರಿ. ಯಾಕೆ ಅಂತ ಬರೆದಿಲ್ವಲ್ಲ."

ಅವಳಿಗೆ ಮೂವರು ಮಕ್ಕಳು. ಪ್ರತಿ ಕ್ರಿಸ್ಮಸ್‌ಗೂ ಬರುತ್ತೀವಿ ಅನ್ನುತ್ತಾರೆ, ಇವಳು ಅವರವರಿಗೆ ಬೇಕಾದ್ದು ತಂದು ತುಂಬುತ್ತಾಳೆ, ಅವರು ಬರುವುದಿಲ್ಲ. ಬೇಲಿಯ ಹತ್ತಿರ ನನಗೆ ಮೂರು ಬೆರಳು ತೋರಿಸಿ, ಫೋನಿನ ಹಾಗೆ ಕೈ ಕಿವಿಗಿಟ್ಟು, ತಲೆ ಆಡಿಸಿ ಹೇಳಿದ್ದಳು. ಇದಕ್ಕೆಲ್ಲ ಇಂಗ್ಲಿಷ್ ಯಾಕೆ ಬೇಕು?

ಅವರು ಅಧ್ಯಾಯದ ಕೊನೆಗೆ ಒಂದು ಸಾಲು ಸೇರಿಸಿದರು: 'ಆಕೆ ಕಾಯುವುದನ್ನು ಕೆಡದಂತೆ ಇಟ್ಟಿದ್ದಾಳೆ.' ಸೇರಿಸಿ, "ನೀನು ಓದು ಬರಹ ಕಲಿತಿದ್ರೆ ನನ್ನ ಗತಿ ಏನಾಗ್ತಿತ್ತು" ಅಂದರು.

೬. ಸೇಲ್

ಮೂರನೇ ಪುಸ್ತಕದ ಪೆಟ್ಟಿಗೆಗಳು ಬಂದ ವರ್ಷವೇ ಅವರ ಹೊಟ್ಟೆಯಲ್ಲಿ ಗಡ್ಡೆ ಅಂತ ಗೊತ್ತಾಯಿತು. ಆಪರೇಷನ್‌ನಿಂದ ಪ್ರಯೋಜನವಿಲ್ಲ ಅಂದರು ಆಸ್ಪತ್ರೆಯವರು. ಯಜಮಾನರು ಕೇಳಿದ್ದು ಒಂದೇ: "ಗರಾಜು ಖಾಲಿಯಾಗೋದನ್ನ ನೋಡ್ಬೇಕು. ನಾನು ಹೋದ್ಮೇಲೆ ಇಷ್ಟನ್ನ ನೀನೊಬ್ಬಳೇ ಏನು ಮಾಡ್ತೀಯ?"

ದೂರದ ಕಾಲೇಜಿನಲ್ಲಿದ್ದ ನಮ್ಮ ಮಗಳು ಬಂದಳು. ಅವಳು ಇಲ್ಲೇ ಬೆಳೆದವಳು, ಕನ್ನಡ ಓದಲು ಬರುವುದಿಲ್ಲ. "ಮೂವಿ ಬಂದ್ರೆ ನೋಡ್ತೀನಿ ಅಪ್ಪಾ" ಅಂತ ತಮಾಷೆ ಮಾಡುತ್ತಿದ್ದವಳು. ಶನಿವಾರ, ಇಲ್ಲಿಯವರು ಮನೆಯ ಹಳೇ ಸಾಮಾನು ಮಾರುವ ಹಾಗೆ, ಅಂಗಳದಲ್ಲಿ ಟೇಬಲ್ ಹಾಕಿ, ಬೋರ್ಡು ನಿಲ್ಲಿಸಿ ಪುಸ್ತಕ ಜೋಡಿಸಿದಳು. ಮೊದಲನೇದು ಹಸಿರು ರಟ್ಟು, ಎರಡನೇದು ಹಳದಿ, ಮೂರನೇದು ಕೆಂಪು. ಇವರು ಕಂಬಳಿ ಹೊದ್ದು ಕುರ್ಚಿಯಲ್ಲಿ ಕೂತರು. ಬಂದವರು ಎತ್ತಿ ನೋಡುವುದು, ಅಕ್ಷರ ನೋಡಿ ಹುಬ್ಬೇರಿಸಿ ಇಟ್ಟು ಹೋಗುವುದು. ಮಧ್ಯಾಹ್ನದವರೆಗೆ ಒಂದೂ ಕದಲಲಿಲ್ಲ. ಅವರ ಮುಖ ನೋಡಲಾಗಲಿಲ್ಲ ನನಗೆ.

ಮಗಳ ಕಿವಿಯಲ್ಲಿ ಒಂದು ಮಾತು ಹೇಳಿದೆ. ಅವಳು ಬೋರ್ಡು ತಿರುಗಿಸಿ ದಪ್ಪಕ್ಷರದಲ್ಲಿ ಬರೆದಳು: ಎರಡು ಕೊಂಡರೆ ಮೂರನೇದು ಫ್ರೀ.

ಅಷ್ಟೇ. ಕಾರುಗಳು ನಿಲ್ಲತೊಡಗಿದವು. ಮೂರು ಮೂರು ಎತ್ತಿಕೊಂಡು ಹೋದರು. ಒಬ್ಬ ಮನುಷ್ಯನನ್ನು ಇವರು ಕರೆದು ಕೇಳಿದರು: "ನಿನಗಿದನ್ನ ಓದೋಕೆ ಬರುತ್ತಾ?"

"ಇಲ್ಲ. ಆದ್ರೆ ಸೇಲ್‌ನಲ್ಲಿದೆಯಲ್ಲ!"

ಸಂಜೆಗೆ ಗರಾಜಿನ ನೆಲ ಕಂಡಿತು. ಯಜಮಾನರು ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದರು. ನೋವಿಗೋ ನಗುವಿಗೋ ಅಂತ ನಾನು ಓಡಿದೆ. "ನೋಡೇ, ನನ್ನ ಓದುಗರಲ್ಲಿ ಒಬ್ಬರಿಗೂ ಓದೋಕೆ ಬರಲ್ಲ. ನಿನ್ನಿಂದ ಶುರುವಾಗಿದ್ದು!"

ಮತ್ತೆ ಅವರು ಹಾಗೆ ನಗಲಿಲ್ಲ. ಮೊದಲ ಹಿಮ ಬೀಳುವ ಮೊದಲೇ ಹೋದರು.

೭. ಪಕ್ಕದ ಮನೆಯವಳು

ಅವರು ಹೋದ ಮೇಲೆ ಒಂದು ಮಧ್ಯಾಹ್ನ ಪಕ್ಕದ ಮನೆಯವಳು ಬಂದಳು. ಫ್ರೀಜರಿನಿಂದ ತೆಗೆದ ಒಂದು ಕೇಕು, ಜೊತೆಗೆ ಕೆಂಪು ರಟ್ಟಿನ ಪುಸ್ತಕ. ಅವಳೂ ಸೇಲ್‌ನಲ್ಲಿ ಕೊಂಡಿದ್ದಳು. ಮಡಿಲಲ್ಲಿಟ್ಟು, ಓದು ಅಂತ ಸನ್ನೆ ಮಾಡಿದಳು. ಅವರು ಬರೆದದ್ದರ ಸದ್ದು ಹೇಗಿರುತ್ತೆ ಅಂತ ಕೇಳಬೇಕಂತೆ.

ಓದಲು ನನಗೆಲ್ಲಿ ಬರುತ್ತಿತ್ತು? ಆದರೆ ಕೇಳಿ ಕೇಳಿ ಬಾಯಿಪಾಠ ಆಗಿತ್ತಲ್ಲ. ಪುಸ್ತಕ ಬಿಡಿಸಿಟ್ಟುಕೊಂಡು, ಅವಳನ್ನು ನೋಡಿದ್ದಕ್ಕೋ ಏನೋ, ಬಾಯಿಗೆ ಬಂದದ್ದು ಆ ಫ್ರೀಜರಿನ ಅಧ್ಯಾಯವೇ. ನಿಲ್ಲಿಸುವುದು ಹೇಗೆ? ಅವರ ದನಿಯಲ್ಲೇ, ಅವರು ತಡೆಯುತ್ತಿದ್ದಲ್ಲಿ ತಡೆದು, ಹೇಳುತ್ತಾ ಹೋದೆ. ಅವಳು ಅಲುಗಾಡದೆ ಕೇಳಿದಳು. ಕೊನೆಯ ಸಾಲಿಗೆ ಬಂದಾಗ ಅವಳ ಕಣ್ಣು ತುಂಬಿತು. ಮೊದಲಿನಿಂದ ಕೊನೆಯವರೆಗೆ ಕೇಳಿದ ಇನ್ನೊಬ್ಬರು ಕೊನೆಗೂ ಸಿಕ್ಕರು, ಯಜಮಾನರಿಗೆ ಹೇಳೋಣವೆಂದರೆ ಅವರ ಕುರ್ಚಿ ಖಾಲಿ.

"ಬ್ಯೂಟಿಫುಲ್. ಯಾರ ಬಗ್ಗೆ ಬರೆದಿದ್ದಾರೆ?" ಅಂದಳು.

ಸುಳ್ಳು ಹೇಳುವಷ್ಟು ಇಂಗ್ಲಿಷ್ ನನಗೆ ಬರುತ್ತಿರಲಿಲ್ಲ. "ಯೂ" ಅಂದೆ.

ಅವಳು ಬಾಯಿ ಮುಚ್ಚಿಕೊಂಡು ನನ್ನನ್ನು ತಬ್ಬಿಕೊಂಡಳು, ನಾನೂ ತಬ್ಬಿಕೊಂಡೆ. ಇಬ್ಬರೂ ಸಾಕಾಗುವಷ್ಟು ಅತ್ತೆವು. ಆಮೇಲೆ ಬಾಗಿಲವರೆಗೆ ಹೋದವಳು ಏನೋ ನೆನಪಾಗಿ ತಿರುಗಿದಳು. ಮೂರು ಬೆರಳೆತ್ತಿ, ಮೂವರು ಮಕ್ಕಳಿಗೂ ಒಂದೊಂದು ಇದೇ ಕೆಂಪು ಪುಸ್ತಕ ಕಳಿಸಬೇಕು ಅಂದಳು. ಕಣ್ಣೊರೆಸಿಕೊಂಡು, ದನಿ ತಗ್ಗಿಸಿ ಕೇಳಿದಳು:

"ಆ ಸೇಲ್ ಇನ್ನೂ ಇದೆಯಾ?"