ಪಕ್ಕದ ಮನೆಯಾಕೆಯ ಹನ್ನೆರಡನೇ ಸಾವು

ಎಪ್ಪತ್ತು ದಾಟಿದ ಮೇಲೆ ಬಣ್ಣ ಹಚ್ಚಿಕೊಂಡರೆ ಇಂಥದ್ದು ಆಗದೆ ಇನ್ನೇನಾಗುತ್ತದೆ? ಮೈಸೂರಿನಲ್ಲಿ ಶಾಲೆಯ ವಾರ್ಷಿಕೋತ್ಸವಕ್ಕೂ ವೇದಿಕೆ ಹತ್ತದವಳು ನಾನು. ಕಡಲಾಚೆ ಪಾಪಕುರಾ ಅನ್ನೋ ಊರಲ್ಲಿರುವ ಮಗಳ ಮನೆಗೆ ಬಂದೆ, ಬೇಲಿಯಾಚೆ ಒಬ್ಬ ನಟಿ ಸಿಕ್ಕರು, ಕೆಟ್ಟೆ.

ಬೇಲಿ

ಆಕೆ ಸ್ವೀಡನ್ನಿನವರು. ಐವತ್ತು ವರ್ಷ ಸಿನಿಮಾ, ಟೀವಿ ಎರಡರಲ್ಲೂ ದುಡಿದವರು; ನಾಯಕಿ ಮಾತ್ರ ಎಂದೂ ಆಗಲಿಲ್ಲ. ಅಲ್ಲಿದ್ದಾಗ ಅಡುಗೆಯವಳು, ದಾದಿ, ಕೊಲೆ ನೋಡಿದ ಸಾಕ್ಷಿ. ಇಲ್ಲಿಗೆ ಬರುವಷ್ಟರಲ್ಲಿ ವಯಸ್ಸಾಗಿತ್ತು. ಬರೀ ಸಾಯುವ ಪಾತ್ರ.

ಒಂದು ದಿನ ಬೇಲಿ ಮೇಲಿಂದ ನಿಂಬೆಹಣ್ಣು ಕೊಡುತ್ತಾ, "ಹನ್ನೊಂದು ಸಲ ಸತ್ತಿದ್ದೀನಿ. ಹನ್ನೆರಡನೆಯದಕ್ಕೆ ಕಾಯ್ತಿದ್ದೀನಿ," ಅಂದರು.

"ಬಿಡ್ತು ಅನ್ನಿ," ಅಂದುಬಿಟ್ಟೆ, ಕನ್ನಡದಲ್ಲೇ. ಅಶುಭ ಬಾಯಿಂದ ಬಂದರೆ 'ಬಿಡ್ತು' ಅಂದು ಕಳೆದುಕೊಳ್ಳಬೇಕು ಅಂತ ವಿವರಿಸಿದೆ. ಆಕೆಗೆ ಬಹಳ ಹಿಡಿಸಿತು. ಅಂದಿನಿಂದ ಕಸದ ಡಬ್ಬ ಹೊರಗಿಡುವಾಗಲೂ ಬೇಕಂತಲೇ ಸಾವಿನ ಮಾತೆತ್ತುವುದು, ನನ್ನಿಂದ "ಬಿಡ್ತು ಅನ್ನಿ" ಅನ್ನಿಸಿ, ತಾವು "ಬಿಡ್ತು" ಅನ್ನುವುದು.

ಕಾಲು

ಅವರ ಶಿಫಾರಸಿನಿಂದ ನನಗೂ ಒಂದು ಆಸ್ಪತ್ರೆ ಧಾರಾವಾಹಿಯಲ್ಲಿ ಪಾತ್ರ ಸಿಕ್ಕಿತು: ಮಾತಿಲ್ಲದ ರೋಗಿ. ಉಡುಪು ನೋಡಿಕೊಳ್ಳುವ ಹುಡುಗಿ ಜರಿಸೀರೆ ತಂದಳು.

"ಆಸ್ಪತ್ರೇಲಿ ಯಾರಮ್ಮ ಜರಿಸೀರೆ ಉಟ್ಕೊಂಡು ಮಲಗ್ತಾರೆ?"

"ನೀವು ಇಂಡಿಯನ್ ಅಂತ ಜನಕ್ಕೆ ಗೊತ್ತಾಗಬೇಕಲ್ಲ."

"ನನ್ನ ಮುಖ ಸಾಲದೇ?"

ಮುಖವೂ ಬರಲಿಲ್ಲ, ಸೀರೆಯೂ ಬರಲಿಲ್ಲ. ಟೀವಿಯಲ್ಲಿ ಕಂಡದ್ದು ಹೊದಿಕೆಯಾಚೆ ಚಾಚಿದ ನನ್ನ ಎಡಗಾಲು. ಮೊಮ್ಮಗಳು, "ನೈಸ್ ಟೋ, ಅಜ್ಜಿ. ಬಟ್ ಯೂ ಡಿಡಂಟ್ ಸೇ ಎನಿಥಿಂಗ್," ಅಂದಳು. ಒಂದೇ ಒಂದು ಮಾತನ್ನಾದರೂ ಟೀವಿಯಲ್ಲಿ ಆಡಿ ಇವಳಿಗೆ ತೋರಿಸಲೇಬೇಕು ಅಂತ ಹಟ ಹುಟ್ಟಿತು.

ಹನ್ನೆರಡನೆಯದು

ಕೊನೆಗೂ ಸಿಕ್ಕಿತು. ಒನೆಹುಂಗಾ ಎಂಬಲ್ಲಿ ಒಂದು ಹಳೇ ಮನೆಯಲ್ಲಿ ಧಾರಾವಾಹಿಯೊಂದರ ಚಿತ್ರೀಕರಣ. ಸಾಯುವುದು ಆಕೆ, ಪಕ್ಕದಲ್ಲಿ ಕೂರುವ ಗೆಳತಿ ನಾನು. ಪ್ರಾಣ ಹೋದ ಮೇಲೆ ನಾನು "ಶೀ ವಾಸ್ ಎ ಗುಡ್ ವುಮನ್" ಅನ್ನಬೇಕು. ವಾರವಿಡೀ ಸಾರಿಗೆ ಒಗ್ಗರಣೆ ಹಾಕುತ್ತಾ ಉರು ಹೊಡೆದೆ.

ಆಕೆ ನನ್ನ ಕೈ ಹಿಡಿದು, "ನಾನಿನ್ನು ಉಳಿಯೋದಿಲ್ಲ," ಅಂದು ಕಣ್ಣು ಮುಚ್ಚಿ ತಲೆ ವಾಲಿಸಿದರು. ಎಷ್ಟು ಚೆನ್ನಾಗಿ ಸತ್ತರೆಂದರೆ ಇದು ನಟನೆ ಅನ್ನುವುದೇ ನನಗೆ ಮರೆತುಹೋಯಿತು. ಉರು ಹೊಡೆದದ್ದೆಲ್ಲ ಹಾರಿಹೋಗಿ ಬಾಯಿಂದ ಬಂದದ್ದು, "ಬಿಡ್ತು ಅನ್ನಿ."

ಹೆಣ ಸ್ಪಷ್ಟವಾಗಿ, "ಬಿಡ್ತು," ಅಂದಿತು.

ಮತ್ತೆ ತೆಗೆದರು; ಮತ್ತೆ ಅದೇ. ಮೂರನೆಯ ಸಲ ನಾನು ತುಟಿ ಕಚ್ಚಿ ಕೂತೆ. ಹೆಣ ಸ್ವಲ್ಪ ಹೊತ್ತು ಕಾದು, ಒಂದು ಕಣ್ಣು ತೆರೆದು ನನ್ನನ್ನು ನೋಡಿತು.

ನಿರ್ದೇಶಕ ತಲೆ ಹಿಡಿದುಕೊಂಡ. ಆಮೇಲೆ, "ಸರಿ, ಬದುಕಲಿ ಬಿಡಿ," ಅಂದು ಮೊದಲ ಸಲದ್ದನ್ನೇ ಇಟ್ಟುಕೊಂಡ.

ಪ್ರಸಾರದ ದಿನ ಮೊಮ್ಮಗಳು ಗೆಳತಿಯರನ್ನೆಲ್ಲ ಕರೆದು ಕೂರಿಸಿಕೊಂಡಿದ್ದಳು. "ಅಜ್ಜಿ, ಯೂ ಸೇವ್ಡ್ ಹರ್," ಅಂದಳು.

ಬೇಲಿಯಾಚೆಯವರು ಮಾತ್ರ ಇನ್ನೂ ಮುಖ ಊದಿಸಿಕೊಂಡಿದ್ದಾರೆ. "ಸತ್ತಿದ್ರೆ ಮಧ್ಯಾಹ್ನಕ್ಕೇ ಮುಗೀತಿತ್ತು. ಈಗ ಇನ್ನಾರು ಕಂತಿನ ಮಾತು ಬಾಯಿಪಾಠ ಮಾಡ್ಬೇಕು. ಎಲ್ಲಾ ನಿಮ್ಮ ದಯೆ."